ನೂರರಲ್ಲಿ ಹದಿನೈದು ನನ್ನದು

ಡೊಂಬಿವಲಿ ಪೂರ್ವ
9 ನವೆಂಬರ್ 2025, ಆದಿತ್ಯವಾರ

ನನ್ನ ಮುದ್ದು ಅಜ್ಜೀ,

ನಾವು ಕೇಸ್ ಗೆದ್ದೆವು, ಗೆದ್ದೇಬಿಟ್ಟೆವು! ಮೊದಲು ಆರೋಗ್ಯ ವಿಚಾರಿಸಬೇಕು, ಆಮೇಲೆ ಸುದ್ದಿ ಎಂದು ಕಲಿಸಿದವರು ನೀವೇ, ಆದರೆ ತಡೆಯಲಾಗಲಿಲ್ಲ. ಈಗ ಕೇಳುತ್ತೇನೆ: ಮೊಣಕಾಲು ಹೇಗಿದೆ? ಪದ್ಮಾವತಿ ಚಿಕ್ಕಮ್ಮ ದಿನಾ ಎಣ್ಣೆ ತಿಕ್ಕುತ್ತಾರಾ? ಫೋನು ಮಾಡಿದರೆ ನೀವು ಎರಡು ಸಲ "ಹೂಂ" ಎಂದು ಚಿಕ್ಕಮ್ಮನ ಕೈಗೆ ಕೊಟ್ಟುಬಿಡುತ್ತೀರಿ, ಅದಕ್ಕೇ ಈ ಕಾಗದ. ಇಂಗ್ಲಿಷ್ ಶಾಲೆಯ ಹುಡುಗಿಗೆ ಹಳೇ ಕ್ಯಾಲೆಂಡರಿನ ಹಿಂಬದಿಯಲ್ಲಿ ಅಕ್ಷರ ತಿದ್ದಿಸಿದಿರಲ್ಲ, ಒತ್ತಕ್ಷರ ತಪ್ಪಿದ್ದರೆ ನಗಬೇಡಿ. ಶೈಲೇಶ್ ಹಿಂದಿನಿಂದ ಇಣುಕಿ "ನನ್ನ ಬಗ್ಗೆ ಏನು ಬರೀತಿದ್ದೀ?" ಎನ್ನುತ್ತಿದ್ದಾನೆ. ಇಲ್ಲೇ ಥಾಣೆ ಪಕ್ಕದ ಕಳವಾ ಊರಿನಲ್ಲೇ ಹುಟ್ಟಿ ಬೆಳೆದವನು, ಕನ್ನಡ ಓದಲು ಬರುವುದಿಲ್ಲ. ಎಷ್ಟು ಅನುಕೂಲ! (ಗಂಡನನ್ನು ಅವನು, ಇವನು ಎಂದು ಬರೆದದ್ದಕ್ಕೆ ಬೈಯಬೇಡಿ.)

ಶುಕ್ರವಾರ ಥಾಣೆಯ ಕೋರ್ಟಿನಲ್ಲಿ ತೀರ್ಪು ಬಂತು. ನಮ್ಮ ವಕೀಲರು ಜಯಶೀಲ ಮೇಡಂ ಬಿಡಿಸಿ ಹೇಳಿದರು. ಟೆಂಪೋದವನು ಅಡ್ಡರಸ್ತೆಯಿಂದ ನೋಡದೆ ನುಗ್ಗಿ ಅಪ್ಪನ ಸ್ಕೂಟರಿಗೆ ಗುದ್ದಿದ್ದು ಸಾಬೀತಾಗಿದೆ, ಅಪ್ಪನದು ಎಳ್ಳಷ್ಟೂ ತಪ್ಪಿಲ್ಲ. ಆದರೆ ಹಿಂದೆ ಕುಳಿತಿದ್ದ ನನ್ನ ತಲೆಯ ಮೇಲೆ ಹೆಲ್ಮೆಟ್ ಇರಲಿಲ್ಲ. ಪೆಟ್ಟು ಅಷ್ಟು ಜೋರಾಗಿ ಎಡಗಿವಿ ಮಂದವಾಗಲು ಅದೂ ಒಂದು ಕಾರಣ. ಹಾಗಾಗಿ ನೂರರಲ್ಲಿ ಎಂಬತ್ತೈದು ಪಾಲು ತಪ್ಪು ಟೆಂಪೋದವನದು, ಹದಿನೈದು ನನ್ನದು. ಪರಿಹಾರದಲ್ಲಿ ಅಷ್ಟು ಕಳೆದು ಉಳಿದದ್ದನ್ನು ಇನ್ಶೂರೆನ್ಸಿನವರು ಕೊಡಬೇಕಂತೆ. ಕಿವಿಯ ಮಷೀನಿಗೆ ಧಾರಾಳ ಸಾಕು. ಶೈಲೇಶನಿಗೆ ಮಾತ್ರ ಮಷೀನು ಬೇಡವಂತೆ. "ಜಗಳ ಆದಾಗ ನಾನು ಎಡಗಡೆ ನಿಂತು ಬೈತೇನೆ, ನಿನಗೆ ಬೇಜಾರಿಲ್ಲ, ನನಗೂ ಸಮಾಧಾನ" ಎನ್ನುತ್ತಾನೆ. ಆದರೆ ಕಲ್ಯಾಣ ಸ್ಟೇಷನ್ನಿನ ಗದ್ದಲದಲ್ಲಿ ತಪ್ಪದೆ ನನ್ನ ಬಲಕ್ಕೆ ಬಂದು ನಡೆಯುತ್ತಾನೆ.

ಅಜ್ಜೀ, ಇಪ್ಪತ್ತಾರು ಪುಟದ ಆ ತೀರ್ಪನ್ನು ಲೋಕಲ್‌ನಲ್ಲಿ ಬಾಗಿಲ ಹತ್ತಿರ ನಿಂತು, ಡೊಂಬಿವಲಿ ಬರುವವರೆಗೆ ಓದಿದೆ. ಅದರಲ್ಲಿ ಎಲ್ಲೂ ಅಜ್ಜಿ ಇಲ್ಲ. ಮಲ್ಲಿಗೆಯೂ ಇಲ್ಲ. ಅಪಘಾತದ ದಿನ ಕಲ್ಯಾಣದ ನೆಂಟರ ನಿಶ್ಚಿತಾರ್ಥಕ್ಕೆ ಹೊರಟವಳಿಗೆ ನೀವು ಊರಿಂದ ಬಸ್ಸಿನಲ್ಲಿ ತರಿಸಿದ ಒಂದು ಚೆಂಡು ಮಲ್ಲಿಗೆ ಮುಡಿಸಿದ್ದಿರಿ. ಆಸ್ಪತ್ರೆಯಲ್ಲಿ ಅಪ್ಪ "ಹೂ ಜಜ್ಜಿ ಹೋಗ್ತದೆ ಅಂತ ಹೆಲ್ಮೆಟ್ ತೆಗೆದಿರಬೇಕು" ಎಂದದ್ದೇ ಸಾಕಾಯಿತು. "ಮುಡಿಸಿದ್ದು ನಾನಲ್ವಾ ಮಾರಾಯ" ಎಂದು ನೀವು ಹಣೆ ಬಡಿದುಕೊಂಡಿರಿ. ಆಮೇಲೆ ಒಂದು ಮೊಳ ಹೂವೂ ಕಟ್ಟಲಿಲ್ಲ, ನಲವತ್ತು ವರ್ಷದ ಡೊಂಬಿವಲಿ ಬಿಟ್ಟು ಉಡುಪಿಗೆ ಹೋದಿರಿ. ಮೇ ತಿಂಗಳಲ್ಲಿ ನನ್ನ ಮದುವೆಗೂ ಬರಲಿಲ್ಲ. ಅಂಗಡಿಯ ಹೂ ಮುಡಿದು ನಾನು ಹಸೆಮಣೆಗೆ ಹೋದೆ. ಈಗ ನ್ಯಾಯಾಧೀಶರೇ ಪಾಲು ಮಾಡಿದ್ದಾರೆ. ಎಂಬತ್ತೈದಕ್ಕೆ ಹದಿನೈದು ಕೂಡಿಸಿ, ನೂರು ಭರ್ತಿಯಾಗುತ್ತದೆ. ನಿಮಗೆಂದು ಏನೂ ಉಳಿದಿಲ್ಲ.

ಚಿಕ್ಕಮ್ಮನಿಗೆ ನಮಸ್ಕಾರ ಹೇಳಿ. ನಿಮ್ಮ ಕಾಲಿಗೆ ನಮ್ಮಿಬ್ಬರ ತಲೆ, ಬಲಗೆನ್ನೆಗೆ ನನ್ನ ಮುತ್ತು.

ನಿಮ್ಮ
ಪ್ರೇಕ್ಷಾ

ವಿ.ಸೂ.: ಲಕೋಟೆಗೆ ಹಾಕಿದ್ದ ಕಾಗದವನ್ನು ಮತ್ತೆ ಹೊರಗೆ ತೆಗೆದೆ. ಹದಿನೆಂಟನೇ ಪುಟದಲ್ಲಿ ಒಂದು ಪದವಿದೆ, ಸೆಲ್ಫಿ. ಜೂನ್‌ನಲ್ಲಿ ಕೋರ್ಟಿನಲ್ಲಿ ಇನ್ಶೂರೆನ್ಸ್ ಕಂಪನಿಯ ವಕೀಲರು ಹೆಲ್ಮೆಟ್ ಯಾಕೆ ತೆಗೆದಿರಿ ಎಂದು ಕೇಳಿದಾಗ ನಿಜ ಹೇಳಿಬಿಟ್ಟೆ. ನೀವು ಹೂವನ್ನು ಕತ್ತಿನ ಹತ್ತಿರ ಕೆಳಗೆ ಮುಡಿಸಿ, "ನೋಡು, ಹೆಲ್ಮೆಟಿಗೆ ಜಾಗ ಬಿಟ್ಟಿದ್ದೇನೆ" ಎಂದು ಪಟ್ಟಿ ಬಿಗಿದೇ ಕಳಿಸಿದ್ದಿರಿ. ಘರ್ಡಾ ಸರ್ಕಲ್ಲಿನ ಸಿಗ್ನಲಿನಲ್ಲಿ ಬಿಚ್ಚಿದವಳು ನಾನು, ಶೈಲೇಶನಿಗೆ ಫೋಟೋ ಕಳಿಸಲು. ಮತ್ತೆ ಹಾಕಿಕೊಳ್ಳಲಿಲ್ಲ. ಆ ಫೋಟೋದಲ್ಲಿ ಮಲ್ಲಿಗೆ ಕಾಣಿಸುವುದೇ ಇಲ್ಲ ಅಜ್ಜೀ. ಆಸ್ಪತ್ರೆಯಲ್ಲಿ ಎಚ್ಚರವಾದಾಗ ಎಲ್ಲರೂ ಹೂವನ್ನೇ ದೂರುತ್ತಿದ್ದರು, ನಾನು ಸುಮ್ಮನಿದ್ದೆ. ಎರಡು ವರ್ಷ ಸುಮ್ಮನಿದ್ದೆ. ಆ ದಿನ ಕೋರ್ಟಿನಿಂದ ಹೊರಬಂದ ಮೇಲೆ ಅಪ್ಪ ಒಂದೇ ಮಾತು ಹೇಳಿದರು: "ನನ್ನ ಅಮ್ಮನಿಗೆ ನೀನೇ ಹೇಳು." ಅದಕ್ಕೂ ಐದು ತಿಂಗಳು ಬೇಕಾಯಿತು. ಮನಸ್ಸಾದರೆ ಒಂದು ಮೊಳ ಮಲ್ಲಿಗೆ ಕಟ್ಟಿಡಿ, ಇಲ್ಲವಾದರೆ ಬೈಯಿರಿ, ಬಲಗಿವಿಗೇ ಬೈಯಿರಿ. ಬರುವ ಶನಿವಾರ ಬೆಳಿಗ್ಗೆ ಬರುತ್ತೇನೆ, ಉಡುಪಿ ಸ್ಟೇಷನ್, ಮತ್ಸ್ಯಗಂಧ ರೈಲು.