ಹುಣಸೆತೋಪಿನ ಏಳು ಜನ

ಹುಣಸೆತೋಪು ಮೆಟ್ರೋ ನಿಲ್ದಾಣದ ಕೆಳಗಿನಿಂದ,
೨೧೯೩ನೆಯ ಇಸವಿ, ಹದಿಮೂರನೆಯ ತಿಂಗಳು

ಇದೇ ನಿಲ್ದಾಣದಲ್ಲಿ, ನಿಮ್ಮ ಕಾಲದಲ್ಲಿ, ಸಂಜೆಯ ರೈಲಿಗೆ ಕಾಯುತ್ತಿರುವ ಎಲ್ಲರಿಗೂ ಇಳಾ ಮಾಡುವ ನಮಸ್ಕಾರ.

ಹದಿಮೂರನೆಯ ತಿಂಗಳು ಎಲ್ಲಿಂದ ಬಂತೆಂದು ಗಾಬರಿಯಾಗಬೇಡಿ. ಬೇಸಿಗೆ ಉದ್ದವಾಗುತ್ತಾ ಹೋದಾಗ ಉಳಿದ ತಿಂಗಳುಗಳಿಂದ ಒಂದಿಷ್ಟು ದಿನ ಕಿತ್ತು ಹೊಸದೊಂದನ್ನು ಮಾಡಿ 'ಸೆಕೆಮಾಸ' ಎಂದು ಹೆಸರಿಟ್ಟರು. ನನ್ನ ಪದಗಳು ವಿಚಿತ್ರವೆನಿಸಿದರೆ ಕ್ಷಮಿಸಿ. ನಾನು ಇಂಗ್ಲಿಷ್ ಮಾಧ್ಯಮದಲ್ಲಿ ಓದಿದವಳು, ಕನ್ನಡದಲ್ಲಿ ಇಷ್ಟುದ್ದ ಬರೆಯುತ್ತಿರುವುದು ಇದೇ ಮೊದಲು. ಆದರೆ ನನಗೆ ಮದುವೆಯಾಗಿದೆ! ಕೈಯ ಮೆಹಂದಿ ಇನ್ನೂ ಅಳಿಸಿಲ್ಲ! ಇದನ್ನು ಯಾರಿಗಾದರೂ ಹೇಳಲೇಬೇಕು, ಇಲ್ಲಿರುವವರಿಗೆಲ್ಲ ಹೇಳಿ ಮುಗಿದಿದೆ.

ನನ್ನ ಗಂಡ ಮಾರುತ ರೈಲುಜೊತೆಗಾರ. ನಮ್ಮ ಕಾಲದಲ್ಲಿ ರೈಲನ್ನು ಯಾರೂ ಓಡಿಸುವುದಿಲ್ಲ, ಅದೇ ಓಡುತ್ತದೆ, ಚೂರೂ ಸದ್ದಿಲ್ಲದೆ. ಆದರೆ ಖಾಲಿ ಬೋಗಿಯಲ್ಲಿ ಒಬ್ಬೊಬ್ಬರೇ ಕೂತು ಹೋಗುವ ಪ್ರಯಾಣಿಕರು ಮಂಕಾಗುತ್ತಾರೆಂದು, ಅವರೊಡನೆ ಮಾತಾಡಲು ಪ್ರತಿ ರೈಲಿಗೂ ಒಬ್ಬರನ್ನು ನೇಮಿಸುತ್ತಾರೆ. ಮಾರುತನಷ್ಟು ಚೆನ್ನಾಗಿ ಮಾತಾಡುವವರು ಭೂಮಿಯ ಮೇಲೇ ಇಲ್ಲ, ನಾನು ಅವನ ರೈಲಿನಲ್ಲೇ ಸಿಕ್ಕಿಬಿದ್ದದ್ದು! ಕಷ್ಟವೆಂದರೆ ಜೊತೆಗಾರರು ಸಾಲಿನ ತುದಿಯ ವಸತಿಯಲ್ಲೇ ಮಲಗಬೇಕು, ಮನೆಗೆ ಬರುವುದು ತಿಂಗಳಿಗೊಮ್ಮೆ. ಕೆಲಸದಲ್ಲಿರುವಷ್ಟು ಕಾಲ ಫೋನೂ ಇಲ್ಲ. ಊರಿನ ಒಂಟಿಗರಿಗೆಲ್ಲ ನನ್ನ ಗಂಡ ಜೊತೆಗಾರ. ನಾನು ಇಬ್ಬರಿಗೆಂದು ಅನ್ನಕ್ಕಿಟ್ಟು, ಬೆಳಿಗ್ಗೆ ಉಳಿದದ್ದಕ್ಕೆ ಒಗ್ಗರಣೆ ಹಾಕಿ ತಿನ್ನುತ್ತೇನೆ.

ನೀವು ಮೆಟ್ರೋ ಮೇಲ್ಸೇತುವೆಯ ಕೆಳಗೆ ಗಾಡಿಗಳನ್ನು ನಿಲ್ಲಿಸುತ್ತಿದ್ದಿರಂತೆ. ಈಗ ಅಲ್ಲೇ ನಮ್ಮ ಮನೆಗಳಿವೆ. ಬಿಸಿಲು ತಾಳಲಾರದವರೆಲ್ಲ ನೆಲದಡಿಯ ತಂಪುಕೇರಿಗಳಿಗೆ ಇಳಿದು ಹೋದರು. ಉಳಿದ ನಾವು ರೈಲುಹಾದಿಯ ನೆರಳಿಗೆ ಅಂಟಿಕೊಂಡಿದ್ದೇವೆ. ಬೆಳಿಗ್ಗೆ ನೆರಳು ಪಶ್ಚಿಮಕ್ಕೆ, ಸಂಜೆ ಪೂರ್ವಕ್ಕೆ ಬೀಳುವುದರಿಂದ ಪ್ರತಿ ಮನೆಗೂ ಬೆಳಗಿನ ಬಾಗಿಲು, ಸಂಜೆಯ ಬಾಗಿಲು ಎಂದು ಎರಡಿವೆ. ಸೊಪ್ಪು ಮಾರುವ ಚೌಡಮ್ಮಜ್ಜಿ ಮಧ್ಯಾಹ್ನ ತನ್ನ ಗಾಡಿಯನ್ನು ನಮ್ಮ ಮನೆಯೊಳಗಿಂದಲೇ ಆ ಕಡೆಗೆ ತಳ್ಳಿಕೊಂಡು ಹೋಗುತ್ತಾಳೆ. ಒಂದು ಕಟ್ಟು ದಂಟಿನ ಸೊಪ್ಪು ಬಾಗಿಲಲ್ಲಿಟ್ಟು ಹೋಗುವುದು ಅದರ ಬಾಡಿಗೆ. ನಮ್ಮ ಸ್ಟೇಷನ್ನಿನ ಹೆಸರಿನಲ್ಲಿರುವ ಹುಣಸೆಮರವನ್ನು ಇಲ್ಲಿ ಯಾರೂ ನೋಡಿಲ್ಲ. ನೀವು ನೋಡಿದ್ದೀರಾ?

ಈಗ ಮುಖ್ಯ ವಿಷಯ. ಪ್ಲಾಟ್‌ಫಾರ್ಮಿನ ನೆಲಕ್ಕೆ ನಿಂತವರ ಲೆಕ್ಕ ಗೊತ್ತಾಗುತ್ತದೆ. ಏಳು ಜನ ಇದ್ದರೆ ರೈಲು ನಿಲ್ಲುತ್ತದೆ, ಕಡಿಮೆಯಾದರೆ ನಿಲ್ಲದೆ ಹೋಗುತ್ತದೆ. ಇಲ್ಲಿ ದಿನಾ ಏಳು ಪ್ರಯಾಣಿಕರು ಎಲ್ಲಿಂದ ಬರಬೇಕು? ಹಾಗಾಗಿ ರೈಲು ನಮ್ಮ ನಿಲ್ದಾಣವನ್ನು ಮರೆಯದಿರಲೆಂದು ಸಂಜೆಯ ರೈಲಿಗೆ ಕೇರಿಯವರು ಸುಮ್ಮನೆ ಮೇಲೆ ಹತ್ತಿ ನಿಲ್ಲುತ್ತಾರೆ. ಇದಕ್ಕೆ 'ನಿಲುಕೂಟ' ಎನ್ನುತ್ತಾರೆ. ಬೆಳ್ಳುಳ್ಳಿ ಬಿಡಿಸುತ್ತಾ, ತಲೆ ಬಾಚಿಕೊಳ್ಳುತ್ತಾ, ಹರಟುತ್ತಾ ನಿಲ್ಲುತ್ತಾರೆ, ಯಾರೂ ರೈಲು ಹತ್ತುವುದಿಲ್ಲ. ನಾನು ಈ ಕೇರಿಯವಳಾದದ್ದೇ ಅಲ್ಲಿ. ಬಾಗಿಲು ತೆರೆದ ಅರ್ಧ ನಿಮಿಷ ಮಾರುತ, ನಾನು ಮುಖ ನೋಡಿಕೊಳ್ಳುತ್ತಿದ್ದೆವು. ಮಿಕ್ಕವರು ಕೆಮ್ಮುತ್ತಿದ್ದರು!

ಒಂದು ಸಂಜೆ ಹೋದರೆ ಪ್ಲಾಟ್‌ಫಾರ್ಮಿನಲ್ಲಿ ನಾನೊಬ್ಬಳೇ. ರೈಲು ಬಂತು, ನಿಲ್ಲಲಿಲ್ಲ. ಗಾಜಿನ ಹಿಂದೆ ಅವನ ಅಂಗೈ ಮಾತ್ರ ಕಂಡಿತು. ಮರುದಿನವೂ ಹಾಗೆಯೇ, ಅದರ ಮರುದಿನವೂ. ನೆಲವನ್ನು ಮೋಸಗೊಳಿಸಲು ಅಲ್ಲಿಂದಿಲ್ಲಿಗೆ ಕುಣಿದೆ, ರಾಗಿಚೀಲ ಹೊತ್ತು ತಂದಿಟ್ಟೆ. ನೆಲ ಮೋಸಹೋಗಲಿಲ್ಲ. ನಾನೇನು ತಪ್ಪು ಮಾಡಿದೆ, ನನ್ನನ್ನು ಯಾಕೆ ದೂರವಿಟ್ಟರು ಎಂದು ಸಂಜೆಯ ಬಾಗಿಲು ಹಾಕಿಕೊಂಡು ಅತ್ತುಬಿಟ್ಟೆ. ಹೊಸ ಸೊಸೆ ಮನೆಮನೆಗೆ ಹೋಗಿ, ಗಂಡನ ಮುಖ ನೋಡಬೇಕು, ಬಂದು ನಿಲ್ಲಿ ಎಂದು ಹೇಗೆ ಕೇಳುವುದು?

ಕೊನೆಗೆ ಚೌಡಮ್ಮಜ್ಜಿಯೇ ಗಾಡಿ ನಿಲ್ಲಿಸಿ ಕಣ್ಣು ಮಿಟುಕಿಸಿದಳು. "ಏನವ್ವಾ, ಗಂಡನ್ನ ಕಣ್ತುಂಬ ನೋಡ್ಕೊಂಡ್ಯಾ? ಹೊಸ ಜೋಡಿ ಅಂತ ನಾನು ಮೇಲಕ್ಕೇ ಬರ್ತಿಲ್ಲ ನೋಡು."

"ನೀವೂನಾ ಅಜ್ಜಿ? ಯಾರೂ ಬರ್ತಿಲ್ಲ. ರೈಲೇ ನಿಲ್ತಿಲ್ಲ!"

ಪಕ್ಕದ ಮನೆಯ ಟೈಲರ್ ಜಬೀನ್ ಆಂಟಿ ಹೊಲಿಗೆ ಬಿಟ್ಟು ಎದ್ದು ಬಂದರು. "ಯಾ ಅಲ್ಲಾ! ನಾನೊಬ್ಳೇ ಹೋಗ್ದಿದ್ರೆ ಏನಾಗತ್ತೆ ಅಂದ್ಕೊಂಡೆ. ಮಿಕ್ಕೋರು ಇರ್ತಾರಲ್ಲ ಅಂತ."

ಕೇರಿಯ ಪ್ರತಿಯೊಬ್ಬರೂ ಹಾಗೆಯೇ ಅಂದುಕೊಂಡಿದ್ದರು. ನಮ್ಮಿಬ್ಬರನ್ನು ನಮ್ಮ ಪಾಡಿಗೆ ಬಿಡಲು ಒಬ್ಬೊಬ್ಬರೂ ಗುಟ್ಟಾಗಿ ಮನೆಯಲ್ಲೇ ಉಳಿದಿದ್ದರು.

ಇಂದು ಸಂಜೆ ಆರು ಜನ ನನ್ನೊಡನೆ ಮೇಲೆ ಹತ್ತಿದರು. ಹೋಗಿ ನಿಂತವರೇ ಎಲ್ಲರೂ ಗೋಡೆಯ ಕಡೆ ತಿರುಗಿಬಿಟ್ಟರು! "ನಮ್ ಕಡೆ ನೋಡ್ಬೇಡ, ನಿನ್ ಕೆಲ್ಸ ನೀನ್ ನೋಡ್ಕೋ" ಎಂದಳು ಅಜ್ಜಿ. ರೈಲು ನಿಂತಿತು. ಬಾಗಿಲು ತೆರೆಯಿತು. ನನ್ನ ಮಾರುತ! ಆರು ಬೆನ್ನುಗಳನ್ನು ನೋಡಿ, "ಇವ್ರೆಲ್ಲಾ ಯಾಕೆ ಗೋಡೆ ನೋಡ್ತಿದಾರೆ?" ಎಂದು ಪಿಸುಗುಟ್ಟಿದ. ನನಗೆ ನಗು ತಡೆಯಲಾಗಲಿಲ್ಲ. ಇಷ್ಟು ದಿನ ಹೇಳಬೇಕೆಂದು ಕೂಡಿಟ್ಟದ್ದರಲ್ಲಿ ಒಂದು ಮಾತೂ ಹೊರಡಲಿಲ್ಲ. ನಾನು ನಗುತ್ತಿರುವಾಗಲೇ ಬಾಗಿಲು ಮುಚ್ಚಿಹೋಯಿತು.

ರೈಲಿಗೆ ಸದ್ದಿಲ್ಲವಲ್ಲ, ಹೋದದ್ದು ಅವರಿಗೆ ತಿಳಿಯಲಿಲ್ಲ. ಖಾಲಿ ಹಳಿಯ ಮುಂದೆ ನಾನು, ನನ್ನ ಹಿಂದೆ ಆರು ಬೆನ್ನುಗಳು. ನಾನೂ ಕೂಡಲೇ ಹೇಳಲಿಲ್ಲ. ಕಣ್ಣು ಒರೆಸಿಕೊಳ್ಳುವಷ್ಟು ಹೊತ್ತು ಅವರನ್ನು ಹಾಗೆಯೇ ನಿಲ್ಲಿಸಿಕೊಂಡೆ.

ಅದಕ್ಕೇ ನಿಮ್ಮಲ್ಲಿ ಒಂದು ಕೋರಿಕೆ. ನಿಮ್ಮ ಸಂಜೆಗಳಲ್ಲಿ ಕಾಲಿಡಲೂ ಜಾಗವಿರುವುದಿಲ್ಲವಂತೆ. ಪಕ್ಕದವರ ಮೊಣಕೈ ತಗುಲಿದಾಗ, ಕಾಲು ತುಳಿದಾಗ, ಇಷ್ಟೊಂದು ಜನ ಯಾಕಾದರೂ ಇದ್ದಾರೋ ಎಂದು ಬೈದುಕೊಳ್ಳಬೇಡಿ. ಅವರು ನಿಂತಿದ್ದಾರೆ, ರೈಲು ನಿಲ್ಲುತ್ತದೆ. ಒಳಗೆ ಯಾರದೋ ಮಾರುತ ಇರಬಹುದು.

ನಾಳೆಯ ರೈಲಿಗೆ ಕಾಯುತ್ತಿರುವ,
ಇಳಾ