ವೆಂಕಟಸ್ವಾಮಿ ಸೂರು ಹಾಕಿದ್ದೇಕೆ

ರಾಜಾಜಿನಗರ, ಬೆಂಗಳೂರು
14-8-1957

ಚಿ|| ಸೌ|| ಜಗದಾಂಬಾಳಿಗೆ ನಿನ್ನ ಚಿಕ್ಕಣ್ಣ ಮಾಮನ ಆಶೀರ್ವಾದಗಳು.

ಇಲ್ಲಿ ನಿನ್ನ ಅಮ್ಮ ಅಂಜನಮ್ಮ ಆರೋಗ್ಯ. ನಾನೂ ಆರೋಗ್ಯವೇ, ಎರಡು ಹಲ್ಲು ಮಾತ್ರ ರಾಜೀನಾಮೆ ಕೊಟ್ಟಿವೆ. ನಿನ್ನ ಕಾಗದ ಬಂದು ಹದಿನೇಳು ದಿನವಾಯಿತು. ಬೆರಳು ಉಳುಕಿತ್ತು ಎಂದು ಬರೆಯೋಣ ಎಂದುಕೊಂಡೆ. ನಲವತ್ತು ವರ್ಷ ಪ್ರೆಸ್ಸಿನಲ್ಲಿ ಸೀಸದ ಅಕ್ಷರ ಜೋಡಿಸಿದ ಬೆರಳು, ಉಳುಕಿತು ಎಂದರೆ ನೀನು ನಂಬುವವಳಲ್ಲ. ಬರೆಯಲು ಆಗಲಿಲ್ಲ, ಅಷ್ಟೇ. ತಪ್ಪು ತಿಳಿಯಬೇಡ.

ನೀನು ಕೇಳಿರುವುದು ಒಂದೇ ಪ್ರಶ್ನೆ. "ಅಪ್ಪ ಪೊಲೀಸರನ್ನ ಕಂಡ್ರೆ ಸೈಕಲ್ ಇಳಿದು ತಳ್ಕೊಂಡು ಹೋಗ್ತಿದ್ದೋರು. ಅಂಥೋರು ಕೋರ್ಟು ಬೇಡ ಅಂದ್ಮೇಲೂ ಮನೆಗೆ ಸೂರು ಹಾಕಿದ್ದು ಯಾಕೆ ಮಾಮ?" ಸೊಸೈಟಿ ಕಮಿಟಿಯವರೂ ಇದನ್ನೇ ಕೇಳುತ್ತಿದ್ದಾರೆ. ಇಪ್ಪತ್ತೈದನೇ ತಾರೀಕು ಭಾನುವಾರ ಮೀಟಿಂಗು. ನಿನ್ನ ಅಪ್ಪ ವೆಂಕಟಸ್ವಾಮಿ ಬೇಕೆಂದೇ ಕೋರ್ಟಿನ ಮಾತು ಮೀರಿದ ಎಂದಾದರೆ ಸೈಟು ಸೊಸೈಟಿಗೆ ವಾಪಸು. ತಿಳಿಯದೆ ಮಾಡಿದ ಎಂದು ತೋರಿಸಿದರೆ ಮಾತ್ರ ನಿನ್ನ ಅಮ್ಮನ ಹೆಸರಿಗೆ.

ನಡೆದದ್ದನ್ನು ನಿನಗೆ ಯಾರೂ ಸರಿಯಾಗಿ ಹೇಳಿಲ್ಲವಂತೆ. ಕುರುಬರಹಳ್ಳಿ ದಿಣ್ಣೆಯ ಮೇಲೆ ಸೊಸೈಟಿ ಹಂಚಿದ ನಲವತ್ತು ಸೈಟುಗಳಲ್ಲಿ ನಿನ್ನ ಅಪ್ಪನದೂ ಒಂದು. ಗೋಡೆ ಎದ್ದಿತ್ತು, ಸೂರೊಂದು ಬಾಕಿ. ಅಷ್ಟರಲ್ಲಿ ಜಮೀನಿನ ಹಳೇ ಒಡೆಯರ ದಾಯಾದಿಯೊಬ್ಬ, ತನ್ನ ಒಪ್ಪಿಗೆಯಿಲ್ಲದೆ ಮಾರಿದ್ದಾರೆ ಎಂದು ದಾವೆ ಹೂಡಿದ. ದಾವೆ ತೀರುವ ತನಕ ಯಾರೂ ಕಟ್ಟಕೂಡದು ಎಂದು ಕೋರ್ಟು ಇಂಜಂಕ್ಷನ್ ಕೊಟ್ಟಿತು. ನಿನಗೆ ಅರಸೀಕೆರೆಯ ಜಂಕ್ಷನ್, ನಮಗೆ ಇಂಜಂಕ್ಷನ್. ನಿಮ್ಮಲ್ಲಿ ಗಾಡಿ ನಿಂತು ಹೊರಡುತ್ತದೆ, ನಮ್ಮಲ್ಲಿ ನಿಂತದ್ದು ನಿಂತೇ ಇದೆ.

ಕೋರ್ಟಿನ ಅಮೀನ ಇಂಗ್ಲಿಷ್ ಕಾಗದವೊಂದನ್ನು ಕೊಟ್ಟು, ನಿನ್ನ ಅಪ್ಪನಿಂದ ಸಹಿ ಹಾಕಿಸಿಕೊಂಡು ಹೋದ. ಬಾಡಿಗೆ ಮನೆ ಬಿಟ್ಟು ಆಗಲೇ ನಿನ್ನ ಅಪ್ಪ ಅಮ್ಮ ಇಬ್ಬರೂ ಆ ಗೋಡೆಗಳ ನಡುವೆ ಟಾರ್ಪಾಲು ಕಟ್ಟಿಕೊಂಡಿದ್ದರು. "ಸೂರಿಲ್ದಿದ್ರೂ ಸಾರೈತೆ, ಬನ್ರಪ್ಪಾ" ಎಂದು ನಾನು ದಾರಿಹೋಕರನ್ನು ಕರೆದರೆ ಅಂಜನಮ್ಮ ಸೌಟು ಎತ್ತುತ್ತಿದ್ದಳು. "ಮೊದ್ಲು ನಿಮ್ ಬಾಯಿಗೊಂದು ಬೀಗ ಹಾಕ್ಬೇಕು ಅಣ್ಣ!"

ಮುಂದಿನ ವಾರವೇ ನಿನ್ನ ಅಪ್ಪ ಮಿಲ್ಲಿಗೆ ರಜ ಹಾಕಿ, ತೊಲೆ ಏರಿಸಿ, ಮಂಗಳೂರು ಹೆಂಚು ಹೊದಿಸಿದ. ದಾಯಾದಿ ಫೋಟೋ ತೆಗೆಸಿಕೊಂಡು ಕೋರ್ಟಿಗೆ ಹೋದ. ಹೆಂಚು ಇಳಿಸಬೇಕು, ಕಟ್ಟಿದವನಿಗೆ ಒಂದು ತಿಂಗಳು ಸಿವಿಲ್ ಜೈಲು ಎಂದಾಯಿತು. ಉಬ್ಬಸದ ಮನುಷ್ಯ, ಆಷಾಢದ ಥಂಡಿ. ಹತ್ತೊಂಬತ್ತನೇ ದಿನ ಅಲ್ಲಿಂದ ಆಸ್ಪತ್ರೆಗೆ ಒಯ್ದರು. ನೀನು ರೈಲು ಇಳಿಯುವಷ್ಟರಲ್ಲಿ ಮುಗಿದಿತ್ತು.

ಮೊನ್ನೆ ಸೊಸೈಟಿ ಸೆಕ್ರೆಟರಿ ರೇವಣಸಿದ್ದಪ್ಪನವರು ಬಂದಿದ್ದರು. ಅಂಜನಮ್ಮ ಮತ್ತೆ ಟಾರ್ಪಾಲಿನ ಕೆಳಗೇ ಇದ್ದಾಳೆ. ಸೆಕ್ರೆಟರಿಯವರು ಕೆಟ್ಟವರಲ್ಲ, ನಿಂತೇ ಮಾತಾಡಿದರು.

"ಅಂಜನಮ್ಮೋರೆ, ಮಿಕ್ಕ ಮೂವತ್ತೊಂಬತ್ ಜನಾನೂ ಕೈ ಕಟ್ಕೊಂಡು ಕೂತವ್ರೆ. ನಿಮ್ಮೋರೊಬ್ರೇ ಕಟ್ಟಿದ್ದು. ನಾನು ಕಮಿಟಿಗೆ ಏನ್ ಹೇಳ್ಲಿ?"

"ಅವ್ರು ಹಟಮಾರಿ ಅಲ್ಲ ಸ್ವಾಮಿ. ಯಾಕ್ ಹಂಗ್ ಮಾಡುದ್ರು ಅಂತ ನಂಗೂ ಹೇಳ್ನಿಲ್ಲ." ಆಮೇಲೆ ನನ್ನ ಕಡೆ ತಿರುಗಿದಳು. "ಅಣ್ಣಾ, ನಿಮ್ತಾವ ಏನಾರ ಅಂದಿದ್ರಾ?"

ಹೊರಗೆ ಕಲ್ಲಿನ ಮೇಲೆ ಕೂತಿದ್ದವನು ಎದ್ದು ಚಪ್ಪಲಿ ಹುಡುಕತೊಡಗಿದೆ. ಕಾಲಲ್ಲೇ ಇದ್ದವು.

ನೀನು ಕೊರಗಬೇಡ ಜಗ್ಗೀ. ಬಸುರಿ ಹೆಂಗಸು, ಹೊತ್ತಿಗೆ ಸರಿಯಾಗಿ ಉಣ್ಣು. ನಿನ್ನ ಯಜಮಾನರಿಗೆ ನನ್ನ ಆಶೀರ್ವಾದ ತಿಳಿಸು. ಹುಟ್ಟುವ ಕೂಸು ನಿನ್ನ ಅಪ್ಪನ ಮುಖ ಹೊತ್ತು ಬರಲಿ. ನನ್ನ ನಾಲಿಗೆಯನ್ನು ಮಾತ್ರ ದೇವರು ಅದಕ್ಕೆ ಕೊಡದಿರಲಿ.

ಇಂತು ನಿನ್ನ ಮಾಮ,
ಚಿಕ್ಕಣ್ಣ

ತಾ.ಕ.: ಪುಸ್ತಕ ಅಚ್ಚಾದ ಮೇಲೆ ಕಣ್ಣಿಗೆ ಬಿದ್ದ ದೋಷಗಳನ್ನು ನಾವು ಕಡೆಯ ಪುಟದಲ್ಲಿ 'ತಪ್ಪು-ಒಪ್ಪು' ಎಂದು ಹಾಕುತ್ತಿದ್ದೆವು. ತಪ್ಪು ನನ್ನದು. ಒಪ್ಪುತ್ತೇನೆ.

ಅಮೀನ ಕೊಟ್ಟ ಕಾಗದವನ್ನು ನಿನ್ನ ಅಪ್ಪ ನನ್ನ ಬಳಿಗೆ ತಂದಿದ್ದ. ಅವನಿಗೆ ಗೊತ್ತಿದ್ದವರಲ್ಲಿ ಇಂಗ್ಲಿಷ್ ಅಕ್ಷರ ಬಲ್ಲವನು ನಾನೊಬ್ಬನೇ.

"ಎಲ್ರೂ ಸ್ಟೇ ಬಂದದೆ, ಸ್ಟೇ ಬಂದದೆ ಅಂತಾವ್ರೆ. ಹಂಗಂದ್ರೇನೋ ಚಿಕ್ಕಣ್ಣ?"

ಕಾಗದ ಓದಿ ನನಗೆ ಅರ್ಥವಾಗಿತ್ತು. ಮುಖ ಗಂಭೀರ ಮಾಡಿಕೊಂಡು, "ಸ್ಟೇ ಅಂದ್ರೆ ಇರು ಅಂತ ಕಣೋ. ನೀನು ಇಲ್ಲೇ ಇರು ಅಂತ ಕೋರ್ಟೇ ಹೇಳೈತೆ" ಎಂದೆ.

ಬೈಯುತ್ತಾನೆ ಎಂದುಕೊಂಡಿದ್ದೆ. ಮಿಲ್ಲು ಸೇರುವ ಮೊದಲು ಅವನು ದಂಡಿನಲ್ಲಿ ಬಿಳೀ ದೊರೆಯೊಬ್ಬನ ನಾಯಿ ನೋಡಿಕೊಳ್ಳುತ್ತಿದ್ದನಲ್ಲ, "ಹೂಂ ಕಣೋ! ದೊರೆ ಸ್ಟೇ ಅಂದ್ರೆ ನಾಯಿ ಕೂತ ಜಾಗ ಬುಟ್ಟು ಅಲ್ಲಾಡ್ತಿರ್ನಿಲ್ಲ" ಎಂದ. ಕಣ್ಣಲ್ಲಿ ನೀರಿತ್ತು. "ಇರು ಅಂದ್ಮೇಲೆ ಸೂರ್ ಬೇಡ್ವಾ?"

ನಾಳೆ ನಿಜ ಹೇಳಿ ನಗೋಣ ಎಂದುಕೊಂಡೆ. ಬೆಳಿಗ್ಗೆ ತುಮಕೂರಿನ ಮದುವೆಗೆ ಹೊರಟುಹೋದೆ. ಒಂಬತ್ತು ದಿನ ಬಿಟ್ಟು ಬಂದಾಗ ಅವನು ಏಣಿಯ ಮೇಲೆ ನಿಂತು ಕೊನೆಯ ಸಾಲು ಹೆಂಚು ಕೂರಿಸುತ್ತಿದ್ದ. ಆಗ ಹೇಳಿದ್ದರೂ ಇಳಿಸಬಹುದಿತ್ತು. ಅಷ್ಟು ಖುಷಿಯಲ್ಲಿದ್ದವನ ಮುಂದೆ ಬಾಯಿ ಬರಲಿಲ್ಲ.

ವಕೀಲರು ಅವನಿಗೆ ಆ ಮಾತಿನ ಅರ್ಥ ಬಿಡಿಸಿ ಹೇಳಿದ್ದು ಕೋರ್ಟಿನ ಮೆಟ್ಟಿಲ ಮೇಲೆ. ಒಳಗೆ ಮುನ್ಸೀಫರು, "ಈ ಕಾಗದವನ್ನು ಯಾರ ಹತ್ತಿರವಾದರೂ ಓದಿಸಿದೆಯಾ?" ಎಂದು ಕೇಳಿದರು. ಎರಡು ಸಲ ಕೇಳಿದರು.

"ಇಲ್ಲ ಸ್ವಾಮಿ. ಯಾರ್ತಾವೂ ಓದುಸ್ನಿಲ್ಲ. ತಪ್ಪಾಯ್ತು."

ಹಿಂದಿನ ಬೆಂಚಿನಲ್ಲಿ ನಾನಿದ್ದೇನೆಂದು ಅವನಿಗೆ ಗೊತ್ತಿತ್ತು. ತಿರುಗಿ ನೋಡಲಿಲ್ಲ. ನಾನು ಏಳಲಿಲ್ಲ.

ಭಾನುವಾರ ಬಂದು ಈ ಕಾಗದವನ್ನು ಕಮಿಟಿಯ ಮುಂದೆ ಓದಿಸು. ಕೆಳಗೆ ಇನ್ನೊಂದು ಸಲ ಸಹಿ ಹಾಕಿದ್ದೇನೆ. ನಿನ್ನ ಅಮ್ಮನಿಗೆ ಮೊದಲು ನಾನೇ ಹೇಳಬೇಕು. ಹೇಳಲೆಂದೇ ಮೂರು ಸಲ ಹೋದೆ. ಮೂರು ಸಲವೂ ಅವಳು ತಟ್ಟೆ ಹಾಕಿದಳು. ಉಂಡು ಬಂದೆ.

ಚಿಕ್ಕಣ್ಣ