ರತ್ನಳ ಹಿತ್ತಿಲಿಗೆ ಹೋದ ಬೆಣ್ಣೆಹಣ್ಣಿನ ಗಿಡ

ಅತ್ತೆಮ್ಮ,

ನಿಮ್ಮ ಮಗ ಈಗ ತಾನೇ ಫ್ಯಾಕ್ಟರಿಗೆ ಹೋದರು, ಮಧ್ಯಾಹ್ನದ ಶಿಫ್ಟು. ಅವರ ಸೈಕಲ್ಲು ಬೀದಿ ತಿರುಗಿತೆಂದರೆ ನಂಜನಗೂಡಿನ ಈ ಬಾಡಿಗೆ ಮನೆಯಲ್ಲಿ ನಾನೊಬ್ಬಳೇ. ಒಬ್ಬಳಿಗೇ ಏನು ಅಂತ ಸಂಜೆ ಕಾಫಿ ಮಾಡುವುದನ್ನೂ ಬಿಟ್ಟಿದ್ದೇನೆ. ನೀವು ತೀರಿಕೊಂಡು ಎರಡು ವರ್ಷವಾಗುತ್ತಾ ಬಂತು. ಹೇಳಲೇಬೇಕಾದ ಸುದ್ದಿಯೊಂದಿದೆ. ನಿಮಗಲ್ಲದೆ ಇನ್ಯಾರಿಗೆ ಹೇಳಲಿ?

ಮಾವನವರು ಹೋದ ಮೇಲೆ ನೀವು ಹುಲ್ಲಹಳ್ಳಿಯಿಂದ ನಮ್ಮಲ್ಲಿಗೆ ಬಂದಿರಲ್ಲ, ಆಗ ನಮ್ಮಿಬ್ಬರ ನಡುವೆ ಮಾತೇ ಹೊರಡುತ್ತಿರಲಿಲ್ಲ. ನೀವು ಜಗಲಿಯಲ್ಲಿ, ನಾನು ಒಲೆಯ ಹತ್ತಿರ. ಒಂದು ದಿನ ನಿಮ್ಮ ಮಗನ ಜೊತೆ ಕೆಲಸ ಮಾಡುವ ಕೊಡಗಿನವರೊಬ್ಬರು ಬೆಣ್ಣೆಹಣ್ಣು ಕೊಟ್ಟು ಕಳಿಸಿದರು. ನೀವು ಚೂರು ಬಾಯಿಗಿಟ್ಟು ಮುಖ ಕಿವುಚಿದಿರಿ.

"ಇದೇನಮ್ಮಿ, ಸೋಪು ತಿಂದಂಗದೆ."

ಹಾಲು ಸಕ್ಕರೆ ಹಾಕಿ ಕಲಸಿ ಕೊಟ್ಟೆ. ಲೋಟ ಖಾಲಿ ಮಾಡಿ, ಬೀಜವನ್ನು ಅಂಗೈಯಲ್ಲಿಟ್ಟುಕೊಂಡು ನೋಡಿದಿರಿ. "ಇಷ್ಟ್ ದಪ್ಪ ಬೀಜ, ಬಿಸಾಕಕ್ಕೆ ಮನ್ಸು ಬರಾಕಿಲ್ಲ ಕಣಮ್ಮಿ." ಇಬ್ಬರೂ ನಕ್ಕೆವು. ಕೂಡಿ ನಕ್ಕದ್ದು ಅವತ್ತೇ ಮೊದಲು.

ದಬ್ಬಳದಿಂದ ಬೀಜಕ್ಕೆ ತೂತು ಮಾಡಿ, ಬೆಂಕಿಕಡ್ಡಿ ಚುಚ್ಚಿ, ಬುಡವಷ್ಟೇ ನೀರಿಗೆ ತಾಗುವಂತೆ ಗಾಜಿನ ಲೋಟದ ಮೇಲೆ ಕೂರಿಸಿದ್ದು ನೆನಪಿದೆಯಾ? ವಾರಗಟ್ಟಲೆ ಏನೂ ಆಗಲಿಲ್ಲ. ನೀರು ಲೋಳೆಯಾಗುತ್ತಿತ್ತು, ಬದಲಾಯಿಸುತ್ತಿದ್ದಿರಿ. ನಾನು ಎಸೆಯಲು ಹೊರಟರೆ, "ಇರ್ಲಿ ಬುಡು, ಅದ್ಕೇನ್ ಅನ್ನ ಆಕ್ಬೇಕಾ?" ಅಂದಿರಿ. ಕೊನೆಗೊಂದು ಬೆಳಿಗ್ಗೆ ನನ್ನ ಭುಜ ಅಲ್ಲಾಡಿಸಿ ಎಬ್ಬಿಸಿದಿರಿ. ಬೀಜ ಎರಡು ಹೋಳಾಗಿ ಬಿರಿದಿತ್ತು, ನಡುವಿನಿಂದ ಬೆಳ್ಳನೆಯ ಬೇರು ಇಳಿದಿತ್ತು. ಅಂದಿನಿಂದ ಕಾಫಿ ಕುಡಿಯುತ್ತಾ ಆ ಲೋಟದ ಮುಂದೆ ಕೂರುವುದೇ ನಮ್ಮ ಕೆಲಸ.

ಚಿಗುರು ಗೇಣುದ್ದವಾದಾಗ ಹಳೆಯ ಎಣ್ಣೆ ಡಬ್ಬಕ್ಕೆ ಮಣ್ಣು ತುಂಬಿದೆವು. ಆಗ ನೀವು, "ಗಿಡ ಸಾಕದು ರತ್ನಂಗೆ ಚೆನ್ನಾಗ್ ಬತ್ತಿತ್ತು" ಅಂದಿರಿ. ಬೇರೆ ಜಾತಿಯ ಹುಡುಗನನ್ನು ಮದುವೆಯಾಗಿ ಟಿ. ನರಸೀಪುರ ಸೇರಿದ ಮಗಳ ಹೆಸರು ನಿಮ್ಮ ಬಾಯಿಂದ ಬಂದದ್ದು ಅದೊಂದೇ ಸಲ. ಮುಂದೇನೋ ಹೇಳಲು ಹೋಗಿ... ಕೈ ತೊಳೆದುಕೊಂಡು ಒಳಗೆ ನಡೆದಿರಿ. ನಾನು ಕೇಳಬೇಕಿತ್ತಾ?

ಎದೆನೋವೆಂದು ಮಲಗಿದ ನೀವು ಏಳಲಿಲ್ಲವಲ್ಲ, ಅವತ್ತು ರತ್ನ ಬಂದಿದ್ದಳು. ಬೀದಿ ಕೊನೆಯ ಲೈಟುಕಂಬದ ಹತ್ತಿರ ಸೆರಗು ಬಾಯಿಗೊತ್ತಿಕೊಂಡು ನಿಂತಿದ್ದಳು. ನಿಮ್ಮ ಮಗ ನೋಡಿಯೂ ನೋಡದವರಂತಿದ್ದರು. ನಿಮ್ಮನ್ನು ಎತ್ತಿಕೊಂಡು ಹೊರಟ ಮೇಲೆ ತಿರುಗಿ ನೋಡುತ್ತೇನೆ, ಅವಳಿಲ್ಲ.

ಆಮೇಲಿನ ಬೇಸಿಗೆಯಲ್ಲಿ ಗಿಡದ ಎಲೆಗಳೆಲ್ಲ ತುದಿಯಿಂದ ಒಣಗಿ ಉದುರಿದವು. ಉಗುರಿನಿಂದ ಕಾಂಡ ಕೆರೆದರೆ ಒಳಗೆ ಹಸಿರಿತ್ತು. ನೀರು ಹಾಕುತ್ತಾ ಅದರ ಜೊತೆಯೇ ಮಾತಾಡುತ್ತಿದ್ದೆ. ಮತ್ತೆ ಚಿಗುರಿತು. ಈ ವರ್ಷ ಡಬ್ಬದ ತುಕ್ಕು ಹಿಡಿದ ತಳ ಒಡೆದು ಬೇರು ಹೊರಗೆ ಬಂತು. ವಠಾರದಲ್ಲಿ ನೆಡಲು ಓನರು ಒಪ್ಪಲಿಲ್ಲ. "ಗೋಡೆ ಸೀಳ್ಕಂಡ್ರೆ ಯಾರ್ ಕಟ್ಟುಸ್ಕೊಡ್ತಾರವ್ವ?" ಅಂದರು. ನೆಡಲು ನೆಲ ಯಾರಿಗಿದೆ ಎಂದು ಯೋಚಿಸಿದಾಗ, ಗಿಡ ಸಾಕಲು ಬಲ್ಲ ರತ್ನ ನೆನಪಾದಳು. ಡಬ್ಬವನ್ನು ಗೋಣಿಚೀಲದಲ್ಲಿ ಸುತ್ತಿ ನರಸೀಪುರದ ಬಸ್ಸು ಹತ್ತಿ, ಅವರಿವರನ್ನು ಕೇಳಿಕೊಂಡು ಅವಳ ಮನೆ ತಲುಪಿದೆ.

ರತ್ನ ಬಾಗಿಲು ತೆರೆದು ನನ್ನನ್ನು ನೋಡಿದಳು, ಗಿಡವನ್ನು ನೋಡಿದಳು. "ಇದು ಅವ್ವ ಬೀಜ ಹಾಕಿದ ಗಿಡ" ಅಂದೆ. ಒಳಗೆ ಹೋಗಿ ಹಾರೆ ತಂದಳು. ಹಿತ್ತಿಲಲ್ಲಿ, ಬಟ್ಟೆ ಒಗೆಯುವ ಕಲ್ಲಿನಾಚೆ ನೆಟ್ಟೆವು. ಬುಡದ ಮಣ್ಣು ಒತ್ತುತ್ತಾ, ತಲೆ ಎತ್ತದೆಯೇ ಕೇಳಿದಳು:

"ಅವ್ವ ನನ್ನ ಯಾವತ್ತಾದ್ರೂ ನೆನಿಸ್ಕತಿತ್ತಾ ಅತ್ತಿಗೆ?"

ನೀವು ಡಬ್ಬಕ್ಕೆ ಮಣ್ಣು ತುಂಬುವಾಗ ಆಡಿದ ಆ ಒಂದು ಮಾತನ್ನು ಹೇಳಿದೆ. ಅದಕ್ಕೆ ಸೇರಿಸಲು ನಿಮ್ಮ ಇನ್ನೊಂದು ಮಾತು ನನ್ನಲ್ಲಿ ಇರಲಿಲ್ಲ. ಅವಳು ಎದ್ದು ಬಿಂದಿಗೆ ತಂದು ಗಿಡದ ಬುಡಕ್ಕೆ ನೀರು ಹೊಯ್ದಳು.

ಮನೆಗೆ ಬಂದು ನಿಮ್ಮ ಮಗನಿಗೆ ತಿಳಿಸಿದೆ. ಊಟ ಮುಗಿಸಿ ಎದ್ದರು. ಕೈ ತೊಳೆಯುತ್ತಾ, "ಗೌರಿ ಹಬ್ಬಕ್ಕೆ ಕರುದ್ಬುಡು" ಅಂದರು. ಆಮೇಲೆ ಏನನ್ನಿಸಿತೋ, ಭಾನುವಾರ ತಾವೇ ಹೋಗಿ ಕರೆದು ಬಂದರು.

ನಾಳೆ ಹಬ್ಬ, ಅತ್ತೆಮ್ಮ. ಮೊರ, ಬಳೆ, ರವಿಕೆ ಕಣ ಎಲ್ಲ ತಂದಿಟ್ಟಿದ್ದೇನೆ. ತವರಿಗೆ ಬಂದ ಮಗಳಿಗೆ ಏನು ಹೇಳಿ ಬಾಗಿನ ಕೊಡುತ್ತಾರೋ ನನಗೆ ಗೊತ್ತಿಲ್ಲ, ನೀವಿದ್ದಿದ್ದರೆ... ಇರಲಿ. ನಿಮ್ಮ ಬದಲು ನಾನೇ ಕೊಡುತ್ತೇನೆ. ನಾಲ್ಕು ದಿನ ಉಳಿಸಿಕೊಂಡೇ ಕಳಿಸುತ್ತೇನೆ.

ನಿಮ್ಮ ಸೊಸೆ,
ಶಿವಮ್ಮ